ಐಟಿ ಹೆಲ್ಪ್‌ಡೆಸ್ಕ್ ಕೆಲಸಕ್ಕೆ ಎನ್‌ವಿಡಿಎ ಹೇಗಿದೆ?

ಬೇರೆ ಕಂಪನಿಗಳ ಕಂಪ್ಯೂಟರ್ ನಿರ್ವಹಣೆ ವಹಿಸಿಕೊಂಡ ಐಟಿ ಸಂಸ್ಥೆ ಅಂಧ ತಂತ್ರಜ್ಞರನ್ನು ಸೇರಿಸಿಕೊಳ್ಳುವಾಗ ಮೊದಲು ಹಾಕಿಕೊಡಬೇಕಾದ ತಂತ್ರಾಂಶ ಇದು. ಆಸ್ಟ್ರೇಲಿಯಾದ ಎನ್‌ವಿ ಆ್ಯಕ್ಸೆಸ್ ರೂಪಿಸಿದ ಸ್ಕ್ರೀನ್ ರೀಡರ್, ಅಂದರೆ ಪರದೆಯಲ್ಲಿರುವುದನ್ನು ದನಿಯಲ್ಲಿ ಓದಿ ಹೇಳುವ ತಂತ್ರಾಂಶ; ವಿಂಡೋಸ್‌ಗೆ ಮಾತ್ರ, ಪೂರ್ತಿ ಉಚಿತ. ಜೊತೆಗೇ ಬರುವ ಇಸ್ಪೀಕ್ ಎಂಬ ದನಿ ತಂತ್ರಾಂಶ ಕನ್ನಡವನ್ನೂ ಓದುತ್ತದೆ, ದನಿ ಮಾತ್ರ ಯಾಂತ್ರಿಕ.

ಪೆನ್‌ಡ್ರೈವ್‌ನ ಪೋರ್ಟಬಲ್ ಪ್ರತಿಯಲ್ಲೇ ಕೆಲಸ ಸಾಗಿಸಬೇಡಿ. ಅಡ್ಮಿನ್ ಅನುಮತಿ ಕೇಳುವ ಸುರಕ್ಷಿತ ಪರದೆಯನ್ನು ಅದು ಓದಲಾರದು. ಇನ್‌ಸ್ಟಾಲ್ ಮಾಡಿ, ಲಾಗಿನ್ ಪರದೆಯಲ್ಲೂ ಶುರುವಾಗುವಂತೆ ಸೆಟ್ಟಿಂಗ್ಸ್‌ನಲ್ಲಿ ಟಿಕ್ ಹಾಕಿ.

ನಿಜವಾದ ತೊಡಕು ರಿಮೋಟ್ ಸಪೋರ್ಟ್, ಅಂದರೆ ಗ್ರಾಹಕರ ಕಂಪ್ಯೂಟರನ್ನು ದೂರದಿಂದಲೇ ಸರಿಪಡಿಸುವುದು. ಬಹುತೇಕ ರಿಮೋಟ್ ತಂತ್ರಾಂಶಗಳು ದೂರದ ಪರದೆಯನ್ನು ಚಿತ್ರವಾಗಿ ಕಳಿಸುತ್ತವೆ. ಚಿತ್ರದಲ್ಲಿ ಬಟನ್ ಯಾವುದು, ಪಠ್ಯ ಯಾವುದು ಎಂಬ ಮಾಹಿತಿಯೇ ಇರುವುದಿಲ್ಲ. ಓದಲು ಏನೂ ಸಿಗದೆ ಎನ್‌ವಿಡಿಎ ಸುಮ್ಮನಾಗುತ್ತದೆ. 2025.1 ಆವೃತ್ತಿಯಿಂದ ಒಳಗೇ ಸೇರಿರುವ ರಿಮೋಟ್ ಆ್ಯಕ್ಸೆಸ್ ಇದಕ್ಕೆ ಒಳ್ಳೆಯ ಪರಿಹಾರ: ಎರಡೂ ಕಂಪ್ಯೂಟರ್‌ಗಳಲ್ಲಿ ಎನ್‌ವಿಡಿಎ ಇರಬೇಕು, ಎರಡರಲ್ಲೂ ಒಂದೇ ಕೀ (ಪಾಸ್‌ವರ್ಡ್‌ನಂಥ ಸಂಕೇತ) ಕೊಡಬೇಕು, ಅಲ್ಲಿನ ಮಾತು ಇಲ್ಲಿ ಕೇಳುತ್ತದೆ. ಸಂಪರ್ಕ ಆಗದಿದ್ದರೆ ಫೈರ್‌ವಾಲ್‌ನಲ್ಲಿ 6837 ಪೋರ್ಟ್ ನೋಡಿ. ತಮ್ಮ ಕಂಪ್ಯೂಟರ್‌ನಲ್ಲಿ ಎನ್‌ವಿಡಿಎ ಹಾಕಲು ಗ್ರಾಹಕರ ಒಪ್ಪಿಗೆಯನ್ನು ಒಪ್ಪಂದದಲ್ಲೇ ಬರೆಸಿಕೊಳ್ಳಿ. ಸಾಮಾನ್ಯವಾಗಿ ಕೆಲಸ ನಿಲ್ಲುವುದು ಈ ಒಪ್ಪಿಗೆ ಇಲ್ಲದೆಯೇ.

ಗ್ರಾಹಕರ ದೂರುಗಳನ್ನು (ಟಿಕೆಟ್) ದಾಖಲಿಸುವ ಟಿಕೆಟ್ ಪೋರ್ಟಲ್ ಕೊಳ್ಳುವ ಮುಂಚೆ ಅದನ್ನು ತೆರೆದು, ಎನ್‌ವಿಡಿಎ ಕೀ (ಸಾಮಾನ್ಯವಾಗಿ ಇನ್‌ಸರ್ಟ್) ಜೊತೆ ಎಫ್7 ಒತ್ತಿ, ಬಟನ್‌ಗಳ ಪಟ್ಟಿ ತೆರೆಯಿರಿ. ಹೆಸರಿಲ್ಲದ ಬಟನ್‌ಗಳೇ ತುಂಬಿದ್ದರೆ ಆ ಪೋರ್ಟಲ್ ಬೇಡ. ಮೌಸ್ ಮುಟ್ಟದೆ ಒಂದು ಟಿಕೆಟ್ ತೆರೆದು, ವರ್ಗಾಯಿಸಿ, ಮುಚ್ಚಿ ತೋರಿಸಲು ಮಾರಾಟಗಾರರಿಗೇ ಹೇಳಿ.

20 ಅಥವಾ ಹೆಚ್ಚು ನೌಕರರಿರುವ ಖಾಸಗಿ ಸಂಸ್ಥೆಯ ಸಮಾನ ಅವಕಾಶ ನೀತಿಯಲ್ಲಿ ಅಂಗವಿಕಲರಿಗೆ ಸೂಕ್ತ ಹುದ್ದೆಗಳ ಪಟ್ಟಿ ಇರಬೇಕೆಂದು ಭಾರತದ ಅಂಗವಿಕಲರ ಹಕ್ಕುಗಳ 2017ರ ನಿಯಮಗಳು ಹೇಳುತ್ತವೆ. ಎನ್‌ವಿಡಿಎ ಇದ್ದರೆ ಹೆಲ್ಪ್‌ಡೆಸ್ಕ್ ಹುದ್ದೆಯನ್ನು ಆ ಪಟ್ಟಿಯಿಂದ ಬಿಡಲು ಕಾರಣವಿಲ್ಲ.