ಬನಶಂಕರಿಯ ಪರದೆಯೋ, ಸಿನಿಮಾದ ಸೆಟ್ಟೋ?

ಚಿತ್ರ ಬರೆಯುವ ಕೈ ಇದೆ, ಬಾಗಲಕೋಟೆ ಕಡೆಯ ಊರು. ನಾಟಕ ಕಂಪನಿಗೆ ಪರದೆ ಬರೆಯಬೇಕೋ, ಸಿನಿಮಾದ ಪ್ರೊಡಕ್ಷನ್ ಡಿಸೈನರ್ ಆಗಬೇಕೋ? ಮೊದಲು ಬಾದಾಮಿ ಹತ್ತಿರದ ಬನಶಂಕರಿ ಜಾತ್ರೆಗೆ ಹೋಗಿ, ಅಲ್ಲಿಗೆ ಬರುವ ನಾಟಕ ಕಂಪನಿಯಲ್ಲಿ ಒಂದು ರಾತ್ರಿ ಪರದೆಯ ಹಿಂದೆ ನಿಂತು ನೋಡಿ.

ಅಲ್ಲಿ ಅರಮನೆ, ಕಾಡು, ಬೀದಿ ಎಲ್ಲ ಬಟ್ಟೆಯ ಮೇಲೆ. ಕೊನೆಯ ಸಾಲಿನ ಅಜ್ಜಿಗೂ ಕಾಣಬೇಕು, ಅದಕ್ಕೇ ಗೆರೆ ದಪ್ಪ, ಬಣ್ಣ ಗಾಢ. ತಪ್ಪಾದರೆ ಅವತ್ತೇ ಗೊತ್ತಾಗುತ್ತದೆ, ಮರುದಿನ ತಿದ್ದಬಹುದು.

ಸಿನಿಮಾದಲ್ಲಿ ಕ್ಯಾಮೆರಾ ಹತ್ತಿರ ಬರುತ್ತದೆ. ಇಳಕಲ್‌ನ ನೇಕಾರರ ಮನೆ ತೋರಿಸಬೇಕು ಅಂದುಕೊಳ್ಳಿ. ಸುಮ್ನೆ ಒಂದು ಮಗ್ಗ ತಂದಿಟ್ಟರೆ ಸಾಲದು. ಕೈ ತಾಗಿ ತಾಗಿ ನುಣುಪಾದ ಕಟ್ಟಿಗೆ, ಹೊಗೆ ಹಿಡಿದ ಜಂತಿ, ಗೋಡೆಯ ಕ್ಯಾಲೆಂಡರಿನ ವರ್ಷ, ಎಲ್ಲ ಕಥೆಗೆ ಹೊಂದಬೇಕು. ಚಿತ್ರಕಥೆ ಓದಿ, ನಿರ್ದೇಶಕರು ಮತ್ತು ಛಾಯಾಗ್ರಾಹಕರ ಜೊತೆ ಕೂತು ಇದನ್ನೆಲ್ಲ ತೀರ್ಮಾನಿಸುವವರೇ ಪ್ರೊಡಕ್ಷನ್ ಡಿಸೈನರ್. ಸೆಟ್ಟಿನ ಖರ್ಚಿನ ಲೆಕ್ಕವೂ ಅವರ ತಲೆಯ ಮೇಲೆ. ಕಟ್ಟಿಸುವ ಹೊಣೆ ಕಲಾ ನಿರ್ದೇಶಕರದು. ಸಣ್ಣ ಸಿನಿಮಾಗಳಲ್ಲಿ ಎರಡನ್ನೂ ಒಬ್ಬರೇ ಮಾಡುವುದುಂಟು.

ಪರದೆ ಕೆಲಸ ಹಿರಿಯ ಕಲಾವಿದರ ಪಕ್ಕ ನಿಂತು ಕಲಿಯುವಂಥದ್ದು. ಸಿನಿಮಾಕ್ಕೆ ಪುಣೆಯ ಸರ್ಕಾರಿ ಸಿನಿಮಾ ಶಾಲೆ ಎಫ್‌ಟಿಐಐನಲ್ಲಿ ಇದೇ ಕೆಲಸ ಕಲಿಸುವ 3 ವರ್ಷದ ಕೋರ್ಸ್ ಇದೆ, ಪದವಿ ಆಗಿರಬೇಕು. ಬೆಳಗಾವಿಯವರಿಗೆ ಬೆಂಗಳೂರಿಗಿಂತ ಪುಣೆಯೇ ಹತ್ತಿರ, ಅಲ್ವಾ?

ದುಡ್ಡು? ನಾಟಕಕ್ಕೆ ಜಾತ್ರೆಯ ಸೀಸನ್ ನಂಬಬೇಕು. ಸಿನಿಮಾದಲ್ಲಿ ಒಂದು ಚಿತ್ರ ಮುಗಿದರೆ ಇನ್ನೊಂದು ಸಿಗುವವರೆಗೆ ಕಾಯಬೇಕು.

ನನ್ನನ್ನು ಕೇಳಿದರೆ, ಸಿನಿಮಾದ ಆಸೆ ಇದ್ದರೂ ಮೊದಲು ಎರಡು ಜಾತ್ರೆ ಪರದೆ ಬರೆಯಿರಿ. ಬಿಡುವಿದ್ದಾಗ ಬಾದಾಮಿ, ಗುಳೇದಗುಡ್ಡದ ಹಳೇ ಮನೆಗಳನ್ನು ನೋಡಿ ಬನ್ನಿ. ಅಳತೆ ಟೇಪು, ನೋಟ್‌ಬುಕ್ ಜೊತೆಗಿರಲಿ.