ಕೌಂಟರ್‌ನ ಆಚೆ ಈಚೆ: ರೇಗಿಸುವ ನಾಲ್ಕು ಬ್ರಿಟಿಷ್ ಸ್ಕೆಚ್‌ಗಳು

ಗಿರಾಕಿಯ ತಾಳ್ಮೆ ಕೆಡಿಸುವ ಸ್ಕೆಚ್‌ಗಳಿಗೆ (ಕಿರು ಹಾಸ್ಯ ಪ್ರಸಂಗಗಳಿಗೆ) ಬ್ರಿಟಿಷ್ ಟಿವಿಯಲ್ಲಿ ಬರವಿಲ್ಲ. ಒಮ್ಮೆ ಸಬ್‌ಟೈಟಲ್ ಹಾಕಿ, ಇನ್ನೊಮ್ಮೆ ಧ್ವನಿ ಪೂರ್ತಿ ಇಳಿಸಿ ನೋಡಿದರೆ ಯಾವುದರ ಬಂಡವಾಳ ಎಲ್ಲಿದೆ ಎಂದು ಗೊತ್ತಾಗುತ್ತದೆ.

‘ದಿ ಟೂ ರಾನೀಸ್’ ಹಾಸ್ಯ ಸರಣಿಯ ‘ಫೋರ್ ಕ್ಯಾಂಡಲ್ಸ್’ (1976) ಹಾರ್ಡ್‌ವೇರ್ ಅಂಗಡಿಯದು. ಗಿರಾಕಿ ರಾನಿ ಬಾರ್ಕರ್ ಕೇಳುವುದು ‘ಫೋರ್ಕ್ ಹ್ಯಾಂಡಲ್ಸ್’, ತೋಟದ ಫೋರ್ಕಿನ ಹಿಡಿ. ‘ಹ’ಕಾರ ನುಂಗಿದ್ದರಿಂದ ರಾನಿ ಕಾರ್ಬೆಟ್ ನಾಲ್ಕು ಮೇಣದಬತ್ತಿ ತಂದಿಡುತ್ತಾನೆ. ಮಂಡ್ಯ ಕಡೆಯ ಮಾತು ಗೊತ್ತಿದ್ದವರಿಗೆ ಬಿಡಿಸಿ ಹೇಳಬೇಕಿಲ್ಲ. ಹಕ್ಕಿ ಕೇಳಿದವನಿಗೆ ಅಕ್ಕಿ ಅಳೆದು ಕೊಟ್ಟ ಹಾಗೆ. ‘ಓಸ್’ ಎಂದಾಗ ಗುದ್ದಲಿ (ಹೋ) ಬರುತ್ತದೆ, ನೀರಿನ ಪೈಪು (ಹೋಸ್) ಬರುತ್ತದೆ, ಹೆಂಗಸರ ಕಾಲುಚೀಲ ಬರುತ್ತದೆ. ಬೇಕಿದ್ದದ್ದು ಗೇಟಿಗೆ ಹಚ್ಚುವ ‘ಓ’ ಅಕ್ಷರ. ಅಕ್ಷರದ ಪೆಟ್ಟಿಗೆ ಇಳಿಸಿ, ಮತ್ತೆ ಮೇಲಿಟ್ಟು ಬಂದ ಮೇಲೆ ಗಿರಾಕಿ ‘ಪೀಸ್’ ಅನ್ನುತ್ತಾನೆ. ‘ಪೀ’ ಅಕ್ಷರವೆಂದು ಪೆಟ್ಟಿಗೆ ಮತ್ತೆ ಇಳಿಯುತ್ತದೆ, ಬೇಕಿದ್ದದ್ದು ಡಬ್ಬಿಯ ಬಟಾಣಿ! ಧ್ವನಿ ತೆಗೆದರೆ ಶ್ಲೇಷೆ ಸಾಯುತ್ತದೆ, ಈ ಹತ್ತಿಳಿಯುವ ಕಷ್ಟ ಮಾತ್ರ ಉಳಿಯುತ್ತದೆ. ಇಬ್ಬರದೂ ತಪ್ಪಿಲ್ಲ, ಅದೇ ಮಜಾ.

ಬ್ರಿಟಿಷ್ ಹಾಸ್ಯತಂಡ ಮಾಂಟಿ ಪೈಥಾನ್‌ನ ಸತ್ತ ಗಿಳಿ (1969) ಹಾಗಲ್ಲ, ಅಲ್ಲಿ ಗಿಳಿ ಮಾರಿದ ಅಂಗಡಿಯವನು ಸುಳ್ಳುಗಾರ. ಇದರ ಮೂಲರೂಪ 1968ರ ‘ಹೌ ಟು ಇರಿಟೇಟ್ ಪೀಪಲ್’ ಎಂಬ ಟಿವಿ ಕಾರ್ಯಕ್ರಮದಲ್ಲಿದೆ, ಅಲ್ಲಿ ಕೆಟ್ಟದ್ದು ಕಾರು. ಕಾರಿನ ದೋಷಕ್ಕೆ ನೆಪ ಹೇಳಬಹುದು. ಗಿಳಿಯ ಹೆಣದ ಮುಂದೆ ನಿಂತು ಅದು ಮಲಗಿದೆ ಅನ್ನುವುದಕ್ಕೆ ಬೇರೆಯೇ ಧೈರ್ಯ ಬೇಕು. ಬದಲಾವಣೆ ಫಲಿಸಿದ್ದು ಅದಕ್ಕೇ.

‘ಲಿಟ್ಲ್ ಬ್ರಿಟನ್’ನ ಕ್ಯಾರಲ್ ಬಿಯರ್ ಬ್ಯಾಂಕ್ ಕೌಂಟರಿನವಳು, ಪಾತ್ರ ಡೇವಿಡ್ ವಾಲಿಯಮ್ಸ್‌ದು. ಕೀಲಿ ಒತ್ತು, ‘ಕಂಪ್ಯೂಟರ್ ಸೇಸ್ ನೋ’ ಅನ್ನು, ಗಿರಾಕಿಯ ಮುಖಕ್ಕೆ ಕೆಮ್ಮು: ಇಷ್ಟೇ ಯಂತ್ರ. ‘ಸರ್ವರ್ ಡೌನ್’ ಕೇಳಿ ಬೇಸತ್ತವರಿಗೆ ಹತ್ತಿರವಾಗುತ್ತದೆ, ಆದರೆ ಇಲ್ಲಿ ಸರ್ವರ್ ಚೆನ್ನಾಗಿಯೇ ನಡೆಯುತ್ತಿರುತ್ತದೆ. ಮೂರು ಕಂತಿನಲ್ಲಿ ಸವೆಯುತ್ತದೆ. ಒಂದೊಂದನ್ನೇ ಬಿಡುವು ಕೊಟ್ಟು ನೋಡಬೇಕು.

ವಿಕ್ಟೋರಿಯಾ ವುಡ್ ಬರೆದ ‘ಟೂ ಸೂಪ್ಸ್’ಗೆ ಧ್ವನಿಯೇ ಬೇಡ. ಜೂಲಿ ವಾಲ್ಟರ್ಸ್‌ಳ ಮುದಿ ಪರಿಚಾರಕಿ ಕಾಲೆಳೆದುಕೊಂಡು ಬರುತ್ತಾಳೆ, ಆರ್ಡರ್ ಮರೆಯುತ್ತಾಳೆ, ಮತ್ತೆ ಕೇಳುತ್ತಾಳೆ. ಆ ಕಡೆ ಅವಸರದ ಜೋಡಿ. ಸಭ್ಯತೆ ಬಿಡಲಾರದೆ ಸಹಿಸುತ್ತಾರೆ. ಬೈಯಲು ಯಾರೂ ಸಿಗದ ರೇಗು ಇದು, ಹಾಗಾಗಿ ನಾಲ್ಕರಲ್ಲಿ ಇದಕ್ಕೇ ಮೊದಲ ಸ್ಥಾನ. ಸೂಪ್ ಬರುವ ಹೊತ್ತಿಗೆ ಕಣ್ಣು ಅವಳ ಮುಖದ ಮೇಲಲ್ಲ, ಬಟ್ಟಲುಗಳ ಓರೆಯ ಮೇಲಿರಲಿ.