ಮುರುಗಲು ತುಪ್ಪ: ಉಂಡೆ ತಗೊಳ್ಳಿ, ಡಬ್ಬಿ ಬೇಡ

ಕಾರವಾರದ ಬಟ್ಟೆ ಅಂಗಡಿಯಲ್ಲಿ ದಿನವಿಡೀ ನಿಂತು ಮಾಡುವ ಕೆಲಸ ನನ್ನದು. ಹಿಮ್ಮಡಿ ಒಡೆಯೋದು ತಪ್ಪಿದ್ದಲ್ಲ. ಅದಕ್ಕೆ ಹಚ್ಚಲು ಮನೆಯಲ್ಲಿ ಮುರುಗಲು ತುಪ್ಪ, ಅಂದರೆ ಮುರುಗಲು (ಕೋಕಂ) ಹಣ್ಣಿನ ಬೀಜದಿಂದ ತೆಗೆದ ಗಟ್ಟಿ ಜಿಡ್ಡು, ಇರಲೇಬೇಕು. ಈ ಸಲ ಶಿರಸಿ ಪೇಟೆಯ ಒಂದೇ ಅಂಗಡಿಯಲ್ಲಿ ಎರಡು ಥರದ್ದು ತಗೊಂಡೆ. ಒಂದು ಕಾಗದದಲ್ಲಿ ಸುತ್ತಿದ ಮೊಟ್ಟೆಯಾಕಾರದ ಉಂಡೆ, ಇನ್ನೊಂದು ಚೀಟಿ ಅಂಟಿಸಿದ ಚೆಂದದ ಡಬ್ಬಿ.

ಉಂಡೆಗೆ ಹೆಸರಿಡುವ ಹಾಗಿಲ್ಲ. ಉಗುರಿನಲ್ಲಿ ಕೆರೆದರೆ ಮೇಣದ ಹಾಗೆ ಪುಡಿ ಏಳುತ್ತದೆ, ವಾಸನೆ ಇಲ್ಲ ಅಂತಲೇ ಹೇಳಬಹುದು. ಒಣಗಿದ ಬೀಜ ಕುಟ್ಟಿ, ನೀರಲ್ಲಿ ಕುದಿಸಿ, ಮೇಲೆ ತೇಲಿದ ಜಿಡ್ಡು ತೆಗೆದು ಆರಿಸಿದ್ದು. ಇದು ಕರಗಲು 40 ಡಿಗ್ರಿ ಆಸುಪಾಸಿನ ಬಿಸಿ ಬೇಕು. ಹಾಗಾಗಿ ನಮ್ಮ ಮೇ ತಿಂಗಳ ಸೆಕೆಗೂ ಕಪಾಟಿನಲ್ಲಿ ಜಗ್ಗುವುದಿಲ್ಲ. ಕೊಬ್ಬರಿ ಎಣ್ಣೆಗೆ 24-25 ಡಿಗ್ರಿ ಸಾಕು. ಕಾರವಾರದಲ್ಲಿ ಅದು ಹೆಚ್ಚುಕಮ್ಮಿ ವರ್ಷಪೂರ್ತಿ ಎಣ್ಣೆಯೇ. ಶಿರಸಿಯ ಅತ್ತಿಗೆ ಮನೆಯಲ್ಲಿ ಮಾತ್ರ ಡಿಸೆಂಬರ್ ಬೆಳಿಗ್ಗೆ ಬಾಟಲಿಯನ್ನು ಒಲೆ ಹತ್ತಿರ ಇಡಬೇಕು. ಅರ್ಧ ಹೆಪ್ಪುಗಟ್ಟಿದಾಗ ನೋಡಿ, ಗಟ್ಟಿ ಭಾಗ ತಳದಲ್ಲಿರುತ್ತದೆ, ಮಂಜುಗಡ್ಡೆ ಥರ ತೇಲುವುದಿಲ್ಲ. ನೀರು ಗಟ್ಟಿಯಾದಾಗ ಹಿಗ್ಗುತ್ತದೆ, ಎಣ್ಣೆ ಕುಗ್ಗುತ್ತದೆ.

ಮೈಯ ಚರ್ಮದ ಬಿಸಿ 32-33 ಡಿಗ್ರಿ ಅಷ್ಟೇ. ಅದಕ್ಕೇ ತುಪ್ಪ ಸುಮ್ನೆ ಹಚ್ಚಿದರೆ ಕೂರುವುದಿಲ್ಲ. ಚೂರು ಕೆರೆದು, ಚಮಚದಲ್ಲಿ ದೀಪದ ಮೇಲೆ ಹಿಡಿದು ಕರಗಿಸಿ, ಉಗುರುಬೆಚ್ಚಗಾದ ಮೇಲೆ ಒಡಕಿಗೆ ಬಿಡಬೇಕು. ಅಲ್ಲೇ ಹೆಪ್ಪುಗಟ್ಟಿ ಹಿಡಿದುಕೊಳ್ಳುತ್ತದೆ. ಮೇಲೊಂದು ಕಾಲುಚೀಲ ಹಾಕಿ ಮಲಗಿ, ಇಲ್ಲಾಂದ್ರೆ ಹಾಸಿಗೆಯೆಲ್ಲ ಜಿಡ್ಡು.

ಡಬ್ಬಿ ಕಥೆ ಬೇರೆ. ಬೆರಳು ಹಾಕಿದರೆ ಒಳಗೆಲ್ಲ ರವೆ ರವೆ. ತುಟಿಗೆ ಹಚ್ಚಿದರೆ ಮರಳು ತಿಕ್ಕಿದ ಹಾಗೆ. ಅಂಗಡಿಗೆ ಫೋನ್ ಮಾಡಿ ಕೇಳಿದೆ. ‘ಅಕ್ಕಾ, ಶುದ್ಧ ತುಪ್ಪ ಹಾಗೇ ಇರ್ತದೆ’ ಅಂದರು. ಉಂಡೆ ಯಾಕೆ ನುಣುಪಾಗಿದೆ ಹಾಗಾದ್ರೆ? ಅದಕ್ಕೆ ಉತ್ತರ ಇಲ್ಲ.

ತುಪ್ಪ ಕೆಟ್ಟಿರಲಿಲ್ಲ, ಅದು ನಿಜ. ಇದರಲ್ಲಿ ಒಂದಕ್ಕಿಂತ ಹೆಚ್ಚು ಥರದ ಕೊಬ್ಬು ಇದೆ, ಎಲ್ಲವೂ ಒಂದೇ ಬಿಸಿಗೆ ಕರಗುವುದಿಲ್ಲ. ಬಿಸಿಲಿಗೆ ನಿಂತ ವ್ಯಾನಿನಲ್ಲಿ ಕರಗಿ, ಆಮೇಲೆ ನಿಧಾನಕ್ಕೆ ಆರಿದರೆ ಬೇಗ ಗಟ್ಟಿಯಾಗುವ ಕೊಬ್ಬು ಮೊದಲು ಹರಳುಗಟ್ಟಿ ದಪ್ಪವಾಗುತ್ತಾ ಹೋಗುತ್ತದೆ. ರವೆ ಅಂದರೆ ಆ ಹರಳುಗಳೇ. ನಾನು ಡಬ್ಬಿಯನ್ನು ಬಿಸಿನೀರಲ್ಲಿ ಇಟ್ಟೆ. ತಿಳಿಯಾಗಿ ಒಂದು ಹರಳೂ ಕಾಣದಂತೆ ಪೂರ್ತಿ ಕರಗಿಸಿ, ತಕ್ಷಣ ಫ್ರಿಜ್ಜಿಗೆ ಹಾಕಿದೆ. ಬೇಗ ತಣಿದರೆ ಹರಳಿಗೆ ಬೆಳೆಯಲು ಸಮಯ ಸಿಗುವುದಿಲ್ಲ. ಈಗ ನುಣ್ಣಗಿದೆ.

ಆದರೆ ದುಡ್ಡು ಕೊಟ್ಟು ತಂದ ಮೇಲೆ ಈ ಕೆಲಸ ನಾನ್ಯಾಕೆ ಮಾಡಬೇಕು? ಅದೂ ಡಬ್ಬಿಗೆ ರೇಟು ಉಂಡೆಗಿಂತ ಜಾಸ್ತಿ! ಉಂಡೆಗೆ ಐದರಲ್ಲಿ ಐದು ಕೊಡ್ತೇನೆ, ಡಬ್ಬಿಗೆ ಎರಡು. ಆ ಎರಡೂ ಮುಚ್ಚಳ ಗಟ್ಟಿ ಇದೆ ಅಂತ. ತುಪ್ಪ ಮುಗಿದ ಮೇಲೆ ಗುಂಡಿ-ಸೂಜಿ ಹಾಕಿಡಲು ಆಗ್ತದೆ.